ಬರಿದು ಹಿಮ್ಮೇಳ

ಹಾಡು ಬಾರದ ಮನುಷ್ಯನಿಲ್ಲ; ಹಾಡಲು ನಾಚದ ಮನುಷ್ಯನೂ ವಿರಳ. ಬಚ್ಚಲುಮನೆಯಲ್ಲಿ, ಹೊಲದ ಬದುವಿನಲ್ಲಿ, ಚಕ್ಕಡಿಯ ಮೇಲೆ ಕುಳಿತು ಕೊರಳೆತ್ತಿ ಹಾಡುವವನನ್ನು ನಾಲ್ಕು ಮಂದಿಯ ಮುಂದೆ ನಿಲ್ಲಿಸಿದರೆ ಸಾಕು, ಅವನ ನಾಲಗೆ ಒಣಗುತ್ತದೆ. ದಿನವೂ ಗುನುಗುವ ಪದವೇ ಮರೆತುಹೋಗುತ್ತದೆ. ಈ ಅಂಜಿಕೆ ಒಂದು ಊರಿನದಲ್ಲ, ಒಂದು ದೇಶದ್ದೂ ಅಲ್ಲ. ಇದನ್ನು ಕಳೆಯಲೆಂದು ಲೋಕದ ಬೇರೆ ಬೇರೆ ಜನಾಂಗಗಳು ಬೇರೆ ಬೇರೆ ಉಪಾಯಗಳನ್ನು ಹೂಡಿವೆ. ಕನ್ನಡ ನಾಡು ಬಹುಕಾಲದ ಹಿಂದೆ ಕಂಡುಕೊಂಡ ಉಪಾಯಕ್ಕೆ ಹಿಮ್ಮೇಳವೆಂದು ಹೆಸರು. ಜಪಾನ್ ದೇಶವು ಇಪ್ಪತ್ತನೆಯ ಶತಮಾನದಲ್ಲಿ ಕಂಡುಕೊಂಡ ಉಪಾಯಕ್ಕೆ ಕರೋಕೆ ಎಂದು ಹೆಸರು. ಇವೆರಡೂ ಇಂದು ಹಾವೇರಿ ಜಿಲ್ಲೆಯ ಹಳ್ಳಿಗಳ ಚಪ್ಪರದಲ್ಲಿ ಎದುರುಬದುರಾಗಿ ನಿಂತಿವೆ.

ಹಾನಗಲ್ಲ, ಶಿಗ್ಗಾವಿ, ಸವಣೂರು, ಹಿರೇಕೆರೂರು - ಈ ನಾಲ್ಕು ತಾಲ್ಲೂಕುಗಳ ನೆಲವು ಬೆಳೆಗೆ ಹೇಗೋ ಹಾಡಿಗೂ ಹಾಗೆಯೇ ಹದವಾದುದು. ಹಾನಗಲ್ಲ ತಾಲ್ಲೂಕಿನ ಕಾಡಶೆಟ್ಟಿಹಳ್ಳಿಯಲ್ಲಿ ೧೮೯೨ರಲ್ಲಿ ಪಂಚಾಕ್ಷರಿ ಗವಾಯಿಗಳು ಜನಿಸಿದರು. ಅದೇ ತಾಲ್ಲೂಕಿನ ದೇವಗಿರಿಯಲ್ಲಿ ೧೯೧೪ರಲ್ಲಿ ಪುಟ್ಟರಾಜ ಗವಾಯಿಗಳು ಜನಿಸಿದರು. ಧಾರವಾಡದಲ್ಲಿ ಹುಟ್ಟಿ ಹಿಂದುಸ್ತಾನಿ ಸಂಗೀತದಲ್ಲಿ ಹಿರಿಯ ಕೀರ್ತಿ ಪಡೆದ ಗಂಗೂಬಾಯಿಯವರ ಹೆಸರಿನೊಡನೆ ಹಾನಗಲ್ಲ ಊರಿನ ಹೆಸರೂ ಸೇರಿಕೊಂಡು ದೇಶದೇಶಗಳನ್ನು ಸುತ್ತಿತು. ಶಿಗ್ಗಾವಿ ತಾಲ್ಲೂಕಿನ ಬಾಡ ಗ್ರಾಮವು ಕನಕದಾಸರ ಹುಟ್ಟೂರು. ಅದೇ ತಾಲ್ಲೂಕಿನ ಶಿಶುನಾಳವು ೧೮೧೯ರಿಂದ ೧೮೮೯ರವರೆಗೆ ಬಾಳಿದ ಶರೀಫ ಸಾಹೇಬರ ಊರು. ಸವಣೂರು ೧೯೦೯ರಲ್ಲಿ ವಿನಾಯಕ ಕೃಷ್ಣ ಗೋಕಾಕರನ್ನು ನಾಡಿಗೆ ಕೊಟ್ಟಿತು. ತ್ರಿಪದಿಗಳ ಸರ್ವಜ್ಞನ ಹೆಸರು ಹೇಳಿದೊಡನೆ ಹಿರೇಕೆರೂರು ಸೀಮೆಯ ಅಬಲೂರು, ಮಾಸೂರುಗಳ ನೆನಪಾಗುತ್ತದೆ.

ಇವರೆಲ್ಲ ದೊಡ್ಡವರು. ಆದರೆ ದೊಡ್ಡವರು ಬರಿಯ ನೆಲದಲ್ಲಿ ಹುಟ್ಟುವುದಿಲ್ಲ. ಹೆಸರಿಲ್ಲದ ಸಾವಿರ ಕೊರಳುಗಳು ಹಾಡುತ್ತಿರುವ ಕಡೆ ಹೆಸರು ಪಡೆಯುವ ಒಂದು ಕೊರಳು ಮೂಡುತ್ತದೆ. ಬೀಸುವಾಗ ಹೆಂಗಳೆಯರ ಬೀಸುಕಲ್ಲಿನ ಪದ, ಕಣದಲ್ಲಿ ರಾಶಿ ಮಾಡುವಾಗ ಹಂತಿಯ ಪದ, ಮದುವೆಯಲ್ಲಿ ಸೋಬಾನೆ, ಮೊಹರಂ ಹಬ್ಬದಲ್ಲಿ ರಿವಾಯತು, ಶ್ರಾವಣದಲ್ಲಿ ಭಜನೆ, ಸುಗ್ಗಿಯ ಬಳಿಕ ದೊಡ್ಡಾಟ - ಹೀಗೆ ಈ ಸೀಮೆಯಲ್ಲಿ ವರ್ಷದ ಒಂದೊಂದು ಕಾಲಕ್ಕೂ ಒಂದೊಂದು ಹಾಡು ಸಲ್ಲುತ್ತಿತ್ತು. ಇವುಗಳಲ್ಲಿ ಒಂಟಿ ಕೊರಳಿನ ಹಾಡು ಕಡಿಮೆ. ಮುಂದೆ ನಿಂತು ಹಾಡುವವನೊಬ್ಬ. ಅವನ ಬೆನ್ನಿಗೆ ನಾಲ್ಕಾರು ಮಂದಿ. ಗೀಗೀ ಮೇಳದಲ್ಲಿ ದಪ್ಪು, ತುಂತುಣಿ, ತಾಳಗಳನ್ನು ಹಿಡಿದವರು ಹಾಡುಗಾರನ ಕೊನೆಯ ನುಡಿಯನ್ನು ಎತ್ತಿಕೊಳ್ಳುತ್ತಾರೆ. ಅಷ್ಟರಲ್ಲಿ ಅವನಿಗೆ ಉಸಿರು ತೆಗೆದುಕೊಳ್ಳಲು ಬಿಡುವು ದೊರೆಯುತ್ತದೆ. ಭಜನೆಯಲ್ಲಿ ಪೇಟಿ ಮಾಸ್ತರು ಹಾಡುವವನ ಮುಖವನ್ನು ನೋಡುತ್ತಲೇ ಮನೆಗಳ ಮೇಲೆ ಬೆರಳಾಡಿಸುತ್ತಾರೆ. ಅವನ ಶ್ರುತಿ ತುಸು ಜಾರಿದರೆ ಗಟ್ಟಿಯಾಗಿ ಸ್ವರ ಹಿಡಿದು ದಾರಿ ತೋರುತ್ತಾರೆ. ಅವನು ನುಡಿ ಮರೆತು ತಡವರಿಸಿದರೆ ತಬಲಾದವನು ಮತ್ತೊಂದು ಆವರ್ತ ಬಾರಿಸಿ ಅವನಿಗಾಗಿ ಕಾಯುತ್ತಾನೆ. ಕೇಳುವವರಿಗೆ ತಪ್ಪು ನಡೆದುದೇ ತಿಳಿಯುವುದಿಲ್ಲ. ಹಿಮ್ಮೇಳವೆಂದರೆ ಹಾಡುವವನನ್ನು ಬೀಳಗೊಡದೆ ಹಿಡಿಯುವ ಕೈ.

ಇಂದು ಅದೇ ಊರುಗಳಲ್ಲಿ ಗಣೇಶನ ಹಬ್ಬವೋ ಶಾಲೆಯ ವಾರ್ಷಿಕೋತ್ಸವವೋ ನಡೆಯುವಾಗ ಬೇರೊಂದು ನೋಟ ಕಾಣಸಿಗುತ್ತದೆ. ವೇದಿಕೆಯ ಮೇಲೆ ಪೇಟಿಯಿಲ್ಲ, ತಬಲಾ ಇಲ್ಲ. ಹುಡುಗನೊಬ್ಬ ಒಂದು ಕೈಯಲ್ಲಿ ಮೈಕು, ಇನ್ನೊಂದು ಕೈಯಲ್ಲಿ ಮೊಬೈಲು ಹಿಡಿದು ನಿಲ್ಲುತ್ತಾನೆ. ಬೆರಳಿನಿಂದ ಒಮ್ಮೆ ಮುಟ್ಟಿದೊಡನೆ ಸ್ಪೀಕರ್ ಪೆಟ್ಟಿಗೆಯಿಂದ ಪಿಟೀಲು, ಕೊಳಲು, ಡೋಲುಗಳ ಅಬ್ಬರದ ಸಂಗೀತ ಹೊಮ್ಮುತ್ತದೆ. ಗಾಯಕನ ದನಿಯೊಂದನ್ನು ಬಿಟ್ಟು ಉಳಿದುದೆಲ್ಲ ಅದರಲ್ಲಿದೆ. ಬಿಟ್ಟ ಜಾಗವನ್ನು ಹುಡುಗನು ತನ್ನ ದನಿಯಿಂದ ತುಂಬಬೇಕು. ಇದನ್ನು ಜನ ‘ಟ್ರ್ಯಾಕಿಗೆ ಹಾಡುವುದು’ ಎನ್ನುತ್ತಾರೆ. ಬಲ್ಲವರು ‘ಕರೋಕೆ’ ಎನ್ನುತ್ತಾರೆ. ಹಾಡು ಕನ್ನಡದ್ದು, ಹುಡುಗ ಹಾನಗಲ್ಲಿನವನೋ ಸವಣೂರಿನವನೋ. ಆದರೆ ಅವನು ನಿಂತಿರುವ ರೀತಿ ಮಾತ್ರ ಜಪಾನಿನದು.

ಈ ರೀತಿಯು ಅಷ್ಟು ದೂರದಿಂದ ಇಲ್ಲಿಗೆ ಬಂದ ಬಗೆ ಕುತೂಹಲಕರವಾದುದು. ಎರಡನೆಯ ಮಹಾಯುದ್ಧವು ೧೯೪೫ರಲ್ಲಿ ಮುಗಿದಾಗ ಜಪಾನಿನ ಪಟ್ಟಣಗಳು ಬೂದಿಯಾಗಿದ್ದವು. ಜನರಿಗೆ ಅನ್ನ, ಬಟ್ಟೆ, ಮನೆಗಳ ಕೊರತೆಯಿತ್ತು. ಅಂಥ ದಿನಗಳಲ್ಲಿ, ೧೯೪೬ರ ಜನವರಿಯಲ್ಲಿ, ಆ ದೇಶದ ರೇಡಿಯೊ ಸಂಸ್ಥೆಯಾದ ಎನ್‌ಎಚ್‌ಕೆ ಒಂದು ಕಾರ್ಯಕ್ರಮವನ್ನು ಆರಂಭಿಸಿತು. ಅದರಲ್ಲಿ ಹಾಡುವವರು ಹೆಸರಾಂತ ಗಾಯಕರಲ್ಲ. ಅಂಗಡಿಯವರು, ಕೂಲಿಗಳು, ಗೃಹಿಣಿಯರು, ವಿದ್ಯಾರ್ಥಿಗಳು. ಹಾಡು ಮುಗಿದೊಡನೆ ಗಂಟೆ ಬಾರಿಸಿ ತೀರ್ಪು ಹೇಳುವುದು ಅದರ ವಾಡಿಕೆ. ಆ ಕಾರ್ಯಕ್ರಮವು ಮುಂದೆ ದೂರದರ್ಶನಕ್ಕೂ ಏರಿ ಇಂದಿಗೂ ನಡೆದುಬಂದಿದೆ. ಸೋತು ಸೊರಗಿದ ಜನ ಹಾಡಿನಲ್ಲಿ ತಮ್ಮ ದನಿಯನ್ನು ಮರಳಿ ಪಡೆದರು. ಕರೋಕೆಯ ಬೀಜ ಬಿದ್ದುದು ಈ ನೆಲದಲ್ಲಿಯೇ ಎನ್ನಬಹುದು.

ಟೋಕಿಯೊ ನಗರದಲ್ಲಿ ಶಿಗೆಯಿಚಿ ನೆಗಿಶಿ ಎಂಬವರು ವಿದ್ಯುನ್ಮಾನ ಸಾಮಗ್ರಿಗಳ ಕಾರ್ಖಾನೆಯೊಂದನ್ನು ನಡೆಸುತ್ತಿದ್ದರು. ಅವರಿಗೆ ಹಾಡುವ ಹುಚ್ಚು. ಒಂದು ದಿನ ಅವರ ಹಾಡನ್ನು ಕೇಳಿ ಕಾರ್ಖಾನೆಯ ನೌಕರನೊಬ್ಬನು ಹಾಸ್ಯ ಮಾಡಿದನು. ಬೆನ್ನಿಗೆ ವಾದ್ಯಗಳಿದ್ದರೆ ತನ್ನ ದನಿಯೂ ಚೆನ್ನಾಗಿಯೇ ಕೇಳಿಸೀತೆಂದು ಅವರಿಗೆ ತೋರಿತು. ಟೇಪು ನುಡಿಸುವ ಯಂತ್ರ, ಮೈಕು, ಸ್ಪೀಕರುಗಳನ್ನು ಜೋಡಿಸಿ ೧೯೬೭ರಲ್ಲಿ ಅವರೊಂದು ಪೆಟ್ಟಿಗೆಯನ್ನು ಸಿದ್ಧಪಡಿಸಿದರು. ಅದಕ್ಕೆ ಕರೋಕೆ ಎಂದು ಹೆಸರಿಡುವ ಆಸೆ ಅವರಿಗಿತ್ತು. ಜಪಾನೀ ನುಡಿಯಲ್ಲಿ ‘ಕರಾ’ ಎಂದರೆ ಬರಿದು. ‘ಓಕೆ’ ಎಂಬುದು ಆರ್ಕೆಸ್ಟ್ರಾ ಶಬ್ದದ ಮೊಟಕು ರೂಪ. ಹಾಗಾಗಿ ಕರೋಕೆ ಎಂದರೆ ಬರಿದು ಹಿಮ್ಮೇಳ. ಆದರೆ ಮಾರಾಟಗಾರರು ಆ ಹೆಸರಿಗೆ ಒಪ್ಪಲಿಲ್ಲ. ಶವಪೆಟ್ಟಿಗೆಗೆ ಜಪಾನೀಯರು ಹೇಳುವ ಮಾತಿನಂತೆ ಅದು ಕಿವಿಗೆ ಕೇಳಿಸುತ್ತದೆ ಎಂಬುದು ಅವರ ಆಕ್ಷೇಪ! ಅಪಶಕುನವೆಂದು ತಳ್ಳಿದ ಆ ಶಬ್ದವೇ ಮುಂದೆ ಲೋಕದ ಅನೇಕ ಭಾಷೆಗಳ ನಿಘಂಟುಗಳನ್ನು ಸೇರಿತು. ನೆಗಿಶಿಯವರು ನೂರು ವರ್ಷ ಬಾಳಿ ೨೦೨೪ರಲ್ಲಿ ತೀರಿಕೊಂಡರು.

ನೆಗಿಶಿಯವರ ಯಂತ್ರದ ಸಂಗತಿಯನ್ನು ತಿಳಿಯದೆ ಕೋಬೆ ಎಂಬ ರೇವುಪಟ್ಟಣದಲ್ಲಿ ದೈಸುಕೆ ಇನೊಯೆ ಎಂಬ ವಾದಕರು ಅದೇ ದಾರಿಯನ್ನು ಹಿಡಿದರು. ೧೯೪೦ರಲ್ಲಿ ಹುಟ್ಟಿದ ಅವರು ಪಾನಗೃಹಗಳಿಗೆ ಬರುವ ಗಿರಾಕಿಗಳು ಹಾಡುವಾಗ ಬೆಂಬಲವಾಗಿ ವಾದ್ಯ ನುಡಿಸಿ ಹೊಟ್ಟೆ ಹೊರೆಯುತ್ತಿದ್ದರು. ಸಂಗೀತಲಿಪಿಯನ್ನು ಓದಲು ಅವರಿಗೆ ಬರುತ್ತಿರಲಿಲ್ಲ. ಆದಕಾರಣ ಗಿರಾಕಿಯ ಬಾಯಿಯನ್ನೇ ನೋಡುತ್ತ, ಅವನು ನಿಧಾನಿಸಿದರೆ ತಾವೂ ನಿಧಾನಿಸಿ, ಅವನು ಓಡಿದರೆ ತಾವೂ ಓಡಿ ನುಡಿಸುತ್ತಿದ್ದರು. ಈ ಹೊಂದಾಣಿಕೆಯಿಂದ ಹಾಡಲು ಬಾರದವರಿಗೆ ಅವರು ಅಚ್ಚುಮೆಚ್ಚಿನವರಾದರು. ಒಮ್ಮೆ ಕಂಪನಿಯೊಂದರ ಯಜಮಾನನು ತನ್ನೊಡನೆ ಪ್ರವಾಸಕ್ಕೆ ಬಂದು ತನ್ನ ಹಾಡಿಗೆ ನುಡಿಸಬೇಕೆಂದು ಅವರನ್ನು ಕರೆದನು. ಕೆಲಸ ಬಿಟ್ಟು ಹೋಗುವಂತಿರಲಿಲ್ಲ. ಗಿರಾಕಿಯನ್ನು ನಿರಾಶೆಗೊಳಿಸಲೂ ಮನಸ್ಸಿರಲಿಲ್ಲ. ಆ ಯಜಮಾನನ ಹಾಡುವ ಧಾಟಿಯನ್ನು ನೆನೆದು, ಅದಕ್ಕೆ ಹೊಂದುವಂತೆ ನುಡಿಸಿ, ಟೇಪಿನಲ್ಲಿ ಮುದ್ರಿಸಿ ಅವನ ಕೈಗಿತ್ತರು. ಪ್ರವಾಸದಿಂದ ಮರಳಿದ ಯಜಮಾನನು ಸಂತೋಷದಿಂದ ಇನ್ನಷ್ಟು ಟೇಪುಗಳನ್ನು ಕೇಳಿದನು.

ಅಲ್ಲಿಂದ ಇನೊಯೆಯವರ ಬುದ್ಧಿ ಚುರುಕಾಯಿತು. ತಾವು ಹೋಗಲಾಗದ ಕಡೆಗೆ ತಮ್ಮ ವಾದ್ಯ ಹೋಗಬಹುದಾದರೆ ಎಷ್ಟೋ ಜನ ಹಾಡಬಹುದಲ್ಲವೆ? ಗೆಳೆಯರ ನೆರವಿನಿಂದ ೧೯೭೧ರಲ್ಲಿ ಹನ್ನೊಂದು ಯಂತ್ರಗಳನ್ನು ಮಾಡಿಸಿ ಕೋಬೆಯ ಪಾನಗೃಹಗಳಿಗೆ ಬಾಡಿಗೆಗೆ ಕೊಟ್ಟರು. ನೂರು ಯೆನ್ ನಾಣ್ಯವನ್ನು ಹಾಕಿದರೆ ಕೆಲವು ನಿಮಿಷ ಸಂಗೀತ ಕೇಳಿಬರುತ್ತಿತ್ತು. ಅವರು ತಮ್ಮ ಯಂತ್ರಕ್ಕೆ ಪೇಟೆಂಟು ಪಡೆಯಲಿಲ್ಲ. ದೊಡ್ಡ ಕಂಪನಿಗಳು ಅದೇ ಬಗೆಯ ಯಂತ್ರಗಳನ್ನು ಮಾಡಿ ಹಣ ಗಳಿಸಿದವು. ಇಂಥ ಯಂತ್ರಕ್ಕೆ ಪೇಟೆಂಟು ದೊರೆತುದು ಫಿಲಿಪೀನ್ಸ್ ದೇಶದ ರಾಬರ್ಟೊ ಡೆಲ್ ರೊಸಾರಿಯೊ ಎಂಬವರಿಗೆ, ೧೯೮೦ರ ದಶಕದಲ್ಲಿ. ಆದರೆ ಕೀರ್ತಿಯು ಇನೊಯೆಯವರನ್ನು ಮರೆಯಲಿಲ್ಲ. ಅಮೆರಿಕದ ‘ಟೈಮ್’ ಪತ್ರಿಕೆಯು ೧೯೯೯ರಲ್ಲಿ ಶತಮಾನದ ಪ್ರಭಾವಶಾಲಿ ಏಷ್ಯನ್ನರ ಪಟ್ಟಿಯನ್ನು ಸಿದ್ಧಪಡಿಸಿದಾಗ ಗಾಂಧೀಜಿಯವರ ಹೆಸರಿದ್ದ ಆ ಪಟ್ಟಿಯಲ್ಲಿ ಈ ವಾದಕರ ಹೆಸರೂ ಇತ್ತು. ಜನರನ್ನು ಮೊದಲು ನಗಿಸಿ ಆಮೇಲೆ ಚಿಂತನೆಗೆ ಹಚ್ಚುವ ಸಾಧನೆಗಳಿಗೆ ಕೊಡಲಾಗುವ ‘ಇಗ್ ನೊಬೆಲ್’ ಎಂಬ ವಿನೋದದ ಬಹುಮಾನವು ೨೦೦೪ರಲ್ಲಿ ಶಾಂತಿಯ ವಿಭಾಗದಲ್ಲಿ ಅವರಿಗೆ ಸಂದಿತು. ಒಬ್ಬರನ್ನೊಬ್ಬರು ಸಹಿಸಿಕೊಳ್ಳುವುದನ್ನು ಮನುಷ್ಯರಿಗೆ ಅವರು ಕಲಿಸಿದರಂತೆ! ನೆರೆಯವನ ಅಪಸ್ವರವನ್ನು ನಗುಮೊಗದಿಂದ ಕೇಳಬೇಕಾದವರಿಗೆ ಈ ವಿನೋದದ ಮರ್ಮ ತಿಳಿದೀತು.

ಮುಂದಿನ ಬೆಳವಣಿಗೆ ಶೀಘ್ರವಾಗಿ ನಡೆಯಿತು. ೧೯೮೦ರ ದಶಕದ ನಡುವೆ ಓಕಯಾಮಾ ಪ್ರಾಂತದಲ್ಲಿ ಸರಕು ಸಾಗಿಸುವ ಹಳೆಯ ಕಬ್ಬಿಣದ ಪೆಟ್ಟಿಗೆಯನ್ನು ಹಾಡುವ ಕೋಣೆಯಾಗಿ ಮಾರ್ಪಡಿಸಿದರು. ಅಂಥ ಕೋಣೆಗಳು ಹೆಚ್ಚಿದಂತೆ ಮಕ್ಕಳು, ಮಹಿಳೆಯರು, ಇಡೀ ಕುಟುಂಬಗಳು ಹಾಡಲು ಬರತೊಡಗಿದವು. ೧೯೯೨ರ ಹೊತ್ತಿಗೆ ದೂರವಾಣಿ ತಂತಿಯ ಮೂಲಕ ಹಾಡಿನ ಸಂಗೀತವನ್ನು ತರಿಸಿಕೊಳ್ಳುವ ಏರ್ಪಾಡಾಯಿತು. ಇಂದು ಅಂಗೈಯ ಮೊಬೈಲಿನಲ್ಲಿ ಎಲ್ಲ ಭಾಷೆಗಳ ಹಾಡುಗಳ ಹಿಮ್ಮೇಳವೂ ದೊರೆಯುತ್ತದೆ. ಧ್ವನಿಮುದ್ರಿಕೆಯಿಂದ ಗಾಯಕನ ದನಿಯನ್ನು ಅಳಿಸುವ ಹಳೆಯ ಕೌಶಲವೊಂದುಂಟು. ಸ್ಟೀರಿಯೊ ಮುದ್ರಣದಲ್ಲಿ ಎಡ ಬಲಗಳೆಂದು ಎರಡು ಧಾರೆಗಳಿರುತ್ತವೆ. ಗಾಯಕನ ದನಿಯು ಸಾಮಾನ್ಯವಾಗಿ ಎರಡರಲ್ಲೂ ಸಮನಾಗಿರುತ್ತದೆ. ವಾದ್ಯಗಳು ಒಂದರಲ್ಲಿ ಹೆಚ್ಚು, ಇನ್ನೊಂದರಲ್ಲಿ ಕಡಿಮೆ. ಒಂದು ಧಾರೆಯಿಂದ ಇನ್ನೊಂದನ್ನು ಕಳೆದರೆ ಸಮನಾದುದು ಸೊನ್ನೆಯಾಗುತ್ತದೆ, ಅಂದರೆ ದನಿ ಅಳಿಯುತ್ತದೆ, ವಾದ್ಯ ಉಳಿಯುತ್ತದೆ. ಗಣಿತದ ವ್ಯವಕಲನವು ಸಂಗೀತಕ್ಕೆ ಹೀಗೆ ನೆರವಾಯಿತು. ಈಗ ಗಣಕಯಂತ್ರವು ದನಿಯ ಗುರುತನ್ನೇ ಹಿಡಿದು ಇನ್ನೂ ನಯವಾಗಿ ಬೇರ್ಪಡಿಸುತ್ತದೆ.

ಹಾನಗಲ್ಲ, ಹಿರೇಕೆರೂರುಗಳ ಚಪ್ಪರದಲ್ಲಿ ಇದರಿಂದ ಲಾಭವಾಗಿದೆಯೆ, ನಷ್ಟವಾಗಿದೆಯೆ? ಊರ ಹಿರಿಯರನ್ನು ಕೇಳಿದರೆ ನಷ್ಟವನ್ನೇ ಹೇಳುತ್ತಾರೆ. ಹಬ್ಬದ ದಿನಗಳಲ್ಲಿ ಪೇಟಿ ಮಾಸ್ತರಿಗೂ ತಬಲಾದವನಿಗೂ ಕರೆ ಬರುತ್ತಿತ್ತು. ಕರೆಯ ಜೊತೆಗೆ ನಾಲ್ಕು ಕಾಸೂ ಬರುತ್ತಿತ್ತು. ಇದು ಸಣ್ಣ ಮಾತೆಂದು ತಳ್ಳುವಂತಿಲ್ಲ. ಹುಟ್ಟಿನಿಂದಲೇ ಕಣ್ಣು ಕಾಣದ ಪಂಚಾಕ್ಷರಿ ಗವಾಯಿಗಳು ಹಾನಗಲ್ಲ ಕುಮಾರಸ್ವಾಮಿಗಳ ಕೃಪಾಶ್ರಯದಲ್ಲಿ ವಿದ್ಯೆ ಕಲಿತು, ತಮ್ಮಂಥ ಮಕ್ಕಳಿಗೆ ಆ ವಿದ್ಯೆಯನ್ನು ಧಾರೆಯೆರೆದರು. ಎಳವೆಯಲ್ಲಿಯೇ ದೃಷ್ಟಿ ಕಳೆದುಕೊಂಡ ಪುಟ್ಟರಾಜ ಗವಾಯಿಗಳು ಗದಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಆ ಕಾರ್ಯವನ್ನು ೨೦೧೦ರಲ್ಲಿ ತಾವು ಲಿಂಗೈಕ್ಯರಾಗುವವರೆಗೂ ನಡೆಸಿದರು. ಅಲ್ಲಿ ಕಲಿತ ಅನೇಕ ಅಂಧರು ಸಂಗೀತ ಶಿಕ್ಷಕರಾಗಿ, ಗಾಯಕರಾಗಿ, ವಾದಕರಾಗಿ ಸ್ವಂತ ಕಾಲಿನ ಮೇಲೆ ನಿಂತರು. ವಾದಕನ ಪೀಠದಲ್ಲಿ ಪೆಟ್ಟಿಗೆಯನ್ನು ಕೂರಿಸಿದಾಗ ಒಂದು ಬಾಳಿನ ಊರುಗೋಲನ್ನೇ ಕಸಿದಂತಾಗುವುದುಂಟು. ಬರಿದಾಗುವುದು ಹಿಮ್ಮೇಳವಷ್ಟೇ ಅಲ್ಲ, ಒಂದು ಮನೆಯ ಒಲೆಯೂ ಬರಿದಾದೀತು.

ಆದರೆ ಕಿರಿಯರ ಮಾತನ್ನೂ ಕೇಳಬೇಕು. ಎಲ್ಲ ಊರುಗಳಲ್ಲಿ ಪೇಟಿ ಮಾಸ್ತರಿಲ್ಲ. ಎಲ್ಲ ಶಾಲೆಗಳಲ್ಲಿ ಸಂಗೀತದ ಗುರುಗಳಿಲ್ಲ. ವಾದ್ಯಗಳನ್ನು ಕೊಳ್ಳುವ ಶಕ್ತಿ ಎಲ್ಲ ಮನೆಗಳಿಗೂ ಇಲ್ಲ. ಮೇಳದಲ್ಲಿ ಕೂಡಲು ಕರೆಯದಿದ್ದ ಹೆಣ್ಣುಮಗಳೊಬ್ಬಳು ಅಡಿಗೆಮನೆಯ ಮೂಲೆಯಲ್ಲಿ ಮೊಬೈಲನ್ನು ಗೋಡೆಗೆ ಆನಿಸಿಟ್ಟು ಹತ್ತು ಸಲ ಹಾಡಿಕೊಂಡು, ಹನ್ನೊಂದನೆಯ ಸಲ ವೇದಿಕೆಯೇರುವ ಧೈರ್ಯವನ್ನು ಪಡೆದರೆ ಅದು ಕಡಿಮೆಯ ಲಾಭವೇನೂ ಅಲ್ಲ. ಪೆಟ್ಟಿಗೆಯು ಜಾತಿ ಕೇಳುವುದಿಲ್ಲ, ವಯಸ್ಸು ಕೇಳುವುದಿಲ್ಲ, ನಗುವುದೂ ಇಲ್ಲ. ಅಂಜುವವನಿಗೆ ನಗದ ಜೊತೆಗಾರನು ದೊರೆತುದೇ ದೊಡ್ಡ ಭಾಗ್ಯ.

ಹೊರಗಿನಿಂದ ಬಂದುದೆಂಬ ಒಂದೇ ಕಾರಣಕ್ಕೆ ಅದನ್ನು ಹಳಿಯುವುದು ಸಲ್ಲದು. ಇಂದು ಹಿರಿಯರು ಹಂಬಲಿಸುವ ಪೇಟಿಯೂ ಒಂದು ಕಾಲಕ್ಕೆ ಪರದೇಶಿಯೇ. ಹಾರ್ಮೋನಿಯಂ ಹುಟ್ಟಿದುದು ಫ್ರಾನ್ಸಿನಲ್ಲಿ, ಹತ್ತೊಂಬತ್ತನೆಯ ಶತಮಾನದಲ್ಲಿ. ಭಾರತೀಯ ರಾಗಗಳ ಸೂಕ್ಷ್ಮವನ್ನು ಅದು ಕೆಡಿಸುತ್ತದೆಂದು ಆಕಾಶವಾಣಿಯು ೧೯೪೦ರಲ್ಲಿ ಅದನ್ನು ನಿಷೇಧಿಸಿತ್ತು. ೧೯೭೦ರ ದಶಕದಲ್ಲಿ ಆ ನಿಷೇಧ ಸಡಿಲಗೊಂಡಿತು. ಅಷ್ಟರಲ್ಲಿ ಹಳ್ಳಿಯ ಭಜನೆ, ಪಟ್ಟಣದ ನಾಟಕ ಎಲ್ಲವೂ ಅದನ್ನು ತಮ್ಮದಾಗಿ ಮಾಡಿಕೊಂಡಿದ್ದವು. ಪುಟ್ಟರಾಜ ಗವಾಯಿಗಳಂಥ ಮಹನೀಯರೇ ಹಾರ್ಮೋನಿಯಂ, ಪಿಟೀಲುಗಳಲ್ಲಿ ಪಾರಂಗತರಾಗಿದ್ದರು. ಇನ್ನು ಜಪಾನಿನ ಋಣವೂ ಹೊಸತಲ್ಲ. ಅಲ್ಲಿಯ ನಗೋಯಾ ನಗರದಲ್ಲಿ ೧೯೧೨ರಲ್ಲಿ ರೂಪುಗೊಂಡ ‘ತೈಶೊಗೊತೊ’ ಎಂಬ ತಂತಿವಾದ್ಯವು ಬೆರಳಚ್ಚು ಯಂತ್ರದಂಥ ಕೀಲಿಗಳನ್ನು ಹೊತ್ತು ಭಾರತಕ್ಕೆ ಬಂದು ‘ಬುಲ್‌ಬುಲ್ ತರಂಗ’ವೆಂಬ ಸೊಗಸಾದ ಹೆಸರನ್ನು ಪಡೆಯಿತು. ಅದನ್ನು ಮದುವೆ ಹಬ್ಬಗಳ ಮೇಳಗಳಲ್ಲಿ ಕೇಳಿ ತಲೆದೂಗಿದವರಲ್ಲಿ ಎಷ್ಟು ಜನ ಅದರ ತವರನ್ನು ವಿಚಾರಿಸಿದರು? ವಾದ್ಯವು ಎಲ್ಲಿಂದಲಾದರೂ ಬರಲಿ, ಅದನ್ನು ಕಲಿತು ಪಳಗಿಸಿದ ಕೈಗಳಿದ್ದರೆ ಅದು ಮನೆಯ ಮಗುವಾಗುತ್ತದೆ.

ಆದುದರಿಂದ ಹಾರ್ಮೋನಿಯಂ ಮತ್ತು ಕರೋಕೆಗಳಿಗಿರುವ ವ್ಯತ್ಯಾಸವನ್ನು ಬೇರೊಂದು ಕಡೆ ಅರಸಬೇಕು. ಹಾರ್ಮೋನಿಯಂ ಎಷ್ಟು ದೂರದಿಂದ ಬಂದರೂ ಅದರ ಹಿಂದೆ ಒಬ್ಬ ಮನುಷ್ಯನು ಕುಳಿತಿದ್ದನು, ಅವನಿಗೆ ಕಿವಿಗಳಿದ್ದವು. ಕರೋಕೆಯ ಪೆಟ್ಟಿಗೆಗೆ ಬಾಯಿಯುಂಟು, ಕಿವಿಯಿಲ್ಲ. ಹಾಡುವವನು ತಡವರಿಸಿದರೆ ಅದು ಕಾಯುವುದಿಲ್ಲ. ಶ್ರುತಿ ತಪ್ಪಿದರೆ ತಿದ್ದುವುದಿಲ್ಲ. ಕೆಲವು ಯಂತ್ರಗಳು ಹಾಡಿಗೆ ಅಂಕ ಕೊಡುತ್ತವೆ. ಆದರೆ ಅಂಕ ಕೊಡುವುದು ಬೇರೆ, ಕೈ ಹಿಡಿದು ನಡೆಸುವುದು ಬೇರೆ. ಭಾವ ಉಕ್ಕಿ ಒಂದು ನುಡಿಯನ್ನು ಮತ್ತೊಮ್ಮೆ ಹಾಡಬೇಕೆನಿಸಿದರೆ ಆ ಸ್ವಾತಂತ್ರ್ಯವೂ ಇಲ್ಲ. ಶಿಶುನಾಳ ಶರೀಫರ ತತ್ತ್ವಪದಗಳನ್ನು ಹಾಡುವವರು ಒಂದೊಂದು ನುಡಿಯ ಮುಂದೆ ನಿಂತು, ಅದರ ಅರ್ಥವನ್ನು ಕೇಳುವವರ ಮನಸ್ಸಿಗೆ ಇಳಿಸಿ, ಬಳಿಕ ಮುಂದೆ ನಡೆಯುತ್ತಾರೆ. ಅಳತೆ ಹಾಕಿಟ್ಟ ಸಂಗೀತದಲ್ಲಿ ಅಂಥ ನಿಲುಗಡೆಗೆ ಎಡೆಯಿಲ್ಲ.

ಇನ್ನೊಂದು ಸಂಗತಿಯನ್ನು ಇಲ್ಲಿ ಗಮನಿಸಬೇಕು. ಇನೊಯೆಯವರ ಮೊದಲ ಟೇಪು ಅಷ್ಟು ಚೆನ್ನಾಗಿ ಒದಗಿ ಬಂದುದಕ್ಕೆ ಕಾರಣವೇನು? ಅವರು ಆ ಯಜಮಾನನ ಹಾಡನ್ನು ಎಷ್ಟೋ ಸಲ ಕೇಳಿದ್ದರು. ಅವನು ಎಲ್ಲಿ ಎಳೆಯುವನು, ಎಲ್ಲಿ ತಡೆಯುವನು ಎಂಬುದು ಅವರಿಗೆ ತಿಳಿದಿತ್ತು. ಆ ಟೇಪು ಒಬ್ಬ ಮನುಷ್ಯನಿಗಾಗಿ ಮತ್ತೊಬ್ಬ ಮನುಷ್ಯನು ಹೊಲಿದ ಅಂಗಿ. ಮುಂದೆ ಲಕ್ಷಾಂತರ ಜನರಿಗೆ ಒಂದೇ ಅಳತೆಯ ಅಂಗಿಗಳು ಸಿದ್ಧವಾದವು. ಅವು ಅಗ್ಗ, ಅವು ಎಲ್ಲರಿಗೂ ದೊರೆಯುತ್ತವೆ. ಆದರೆ ಯಾರ ಮೈಗೂ ಸರಿಯಾಗಿ ಒಪ್ಪುವುದಿಲ್ಲ. ಜಪಾನಿನಲ್ಲಿಯೇ ಇಂದು ಒಬ್ಬಂಟಿಯಾಗಿ ಕೋಣೆ ಹಿಡಿದು ತನಗೆ ತಾನೇ ಹಾಡಿಕೊಳ್ಳುವ ವಾಡಿಕೆಯೂ ಬೆಳೆದಿದೆ. ಗೆಳೆಯರನ್ನು ಕೂಡಿಸಲೆಂದು ಹುಟ್ಟಿದ ಯಂತ್ರವು ಒಂಟಿಯಾದವನ ಸಂಗಾತಿಯೂ ಆಯಿತು.

ಹಾಗೆಂದು ಜಪಾನೀಯರು ತಮ್ಮ ಹಳೆಯ ವಾದ್ಯಗಳನ್ನು ಮೂಲೆಗೆ ಎಸೆದಿಲ್ಲ. ಮಾಧ್ಯಮಿಕ ಶಾಲೆಯ ವಿದ್ಯಾರ್ಥಿಯು ಮೂರು ವರ್ಷಗಳ ವ್ಯಾಸಂಗದಲ್ಲಿ ಒಂದಾದರೂ ದೇಶೀಯ ವಾದ್ಯವನ್ನು ಕೈಯಾರೆ ನುಡಿಸಿ ಅರಿಯಬೇಕೆಂಬ ನಿಯಮವು ಅಲ್ಲಿ ೨೦೦೨ರಿಂದ ಪಠ್ಯಕ್ರಮದಲ್ಲಿ ಜಾರಿಗೆ ಬಂದಿತು. ಕರೋಕೆಯನ್ನು ಲೋಕಕ್ಕೆ ಕೊಟ್ಟ ದೇಶವೇ ತನ್ನ ಮಕ್ಕಳ ಕೈಗೆ ‘ಕೊತೊ’ ವಾದ್ಯದ ತಂತಿಗಳನ್ನೂ ಕೊಡುತ್ತಿದೆ. ಕರ್ನಾಟಕವೂ ಈ ದಾರಿಯಲ್ಲಿ ಹೆಜ್ಜೆಯಿಟ್ಟಿದೆ. ಶಿಗ್ಗಾವಿ ತಾಲ್ಲೂಕಿನ ಗೊಟಗೋಡಿಯಲ್ಲಿ ೨೦೧೧ರಲ್ಲಿ ಜಾನಪದ ವಿಶ್ವವಿದ್ಯಾಲಯವು ಸ್ಥಾಪನೆಯಾಯಿತು. ಹಳ್ಳಿಗರ ಕೊರಳಲ್ಲಿದ್ದ ವಿದ್ಯೆಯು ಅಲ್ಲಿ ಪದವಿಯ ವಿಷಯವಾಗಿದೆ. ಆದರೆ ವಿಶ್ವವಿದ್ಯಾಲಯವು ಹಾಡನ್ನು ಕಾಪಿಡಬಲ್ಲದು, ಅದರ ಬಗ್ಗೆ ತಿಳಿವು ನೀಡಬಲ್ಲದು. ಪ್ರತಿಯೊಂದು ಹಳ್ಳಿಯ ಚಪ್ಪರದಲ್ಲಿ ಬಂದು ಕುಳಿತು ತಾಳ ಹಾಕಲಾರದು. ಆ ಕೆಲಸ ಊರಿನವರದೇ.

ಅದೇನೂ ದುಬಾರಿಯ ಕೆಲಸವಲ್ಲ. ಪೆಟ್ಟಿಗೆಯ ಜೊತೆಗೆ ಹತ್ತು ಸಲ ಹಾಡಿ ಅಂಜಿಕೆ ಕಳೆದುಕೊಂಡವರು ಹನ್ನೊಂದನೆಯ ಸಲ ಊರ ಪೇಟಿ ಮಾಸ್ತರನ್ನು ಕರೆಯಬಹುದು. ಅಂಜಿಕೆ ತೊಲಗಿದ ಕೊರಳಿಗೆ ಅವರು ಶ್ರುತಿ ಹಿಡಿಯುವುದನ್ನು ಕಲಿಸಬಲ್ಲರು. ಕಲಿಯುವವರಿದ್ದರೆ ಅವರ ವಿದ್ಯೆಗೂ ಬೆಲೆ ಬಂದೀತು. ಹಾಡುವ ಗೆಳೆಯನ ಪಕ್ಕದಲ್ಲಿ ಸುಮ್ಮನೆ ಕುಳಿತವನು ಒಂದು ಜೊತೆ ತಾಳವನ್ನು ಕೈಗೆತ್ತಿಕೊಳ್ಳಬಹುದು. ಅದೂ ಇಲ್ಲದಿದ್ದರೆ ಚಪ್ಪಾಳೆಯೇ ಸಾಕು. ಎಲ್ಲರೂ ಮುಂದೆ ನಿಂತು ಹಾಡಬೇಕೆಂಬ ಆಸೆಯನ್ನು ಕರೋಕೆಯು ಲೋಕದಲ್ಲಿ ಬಿತ್ತಿತು. ಅದು ಒಳ್ಳೆಯ ಆಸೆಯೇ. ಆದರೆ ಎಲ್ಲರೂ ಮುಂದೆ ನಿಂತರೆ ಹಿಂದೆ ನಿಲ್ಲುವವರಾರು? ಇನ್ನೊಬ್ಬನ ದನಿಯನ್ನು ಕಿವಿಗೊಟ್ಟು ಕೇಳಿ, ಅವನು ತಪ್ಪುವ ಮೊದಲೇ ಅರಿತು, ಸದ್ದಿಲ್ಲದೆ ಅವನನ್ನು ಎತ್ತಿ ಹಿಡಿಯುವುದು ಹಾಡುವುದಕ್ಕಿಂತ ಕಿರಿದಾದ ವಿದ್ಯೆಯಲ್ಲ. ಕೋಬೆಯ ಆ ಬಡ ವಾದಕನಲ್ಲಿಯೂ ಹಾನಗಲ್ಲ ಸೀಮೆಯ ಭಜನಾ ಮೇಳದ ಪೇಟಿ ಮಾಸ್ತರಲ್ಲಿಯೂ ಇದ್ದುದು ಅದೊಂದೇ ವಿದ್ಯೆ. ಯಂತ್ರವು ಇಂದು ಎಲ್ಲರ ಕೈಗೂ ಎಟುಕಿದೆ. ಆ ಕಿವಿಯನ್ನು ಮಾತ್ರ ಪ್ರತಿಯೊಬ್ಬರೂ ತಾವೇ ಬೆಳೆಸಿಕೊಳ್ಳಬೇಕು.